ನೆರಳಿನ ಔಚಿತ್ಯ: ಛಾಯಾಗ್ರಾಹಕ ಎಸ್. ರಾಮಚಂದ್ರ

ಚಲಚ್ಚಿತ್ರವೊಂದನ್ನು ನೋಡಿ ಹೊರಬಂದ ಪ್ರೇಕ್ಷಕನು ಮೊದಲು ನೆನೆಯುವುದು ನಟನಟಿಯರ ಹೆಸರನ್ನು. ಸ್ವಲ್ಪ ಅಭಿರುಚಿಯುಳ್ಳವನಾದರೆ ನಿರ್ದೇಶಕನ ಹೆಸರನ್ನು. ಸಾಹಿತ್ಯದ ವಿದ್ಯಾರ್ಥಿಯಾದರೆ ಮೂಲಕಥೆಯ ಕರ್ತೃವಿನ ಹೆಸರನ್ನು. ಆ ಚಿತ್ರವನ್ನು ನಮಗಿಂತ ಮೊದಲು, ಮಸೂರದ ಹಿಂದೆ ನಿಂತು, ಕಂಡವನೊಬ್ಬನಿದ್ದಾನೆ. ಯಾವುದು ಕಾಣಬೇಕು, ಎಷ್ಟು ಕಾಣಬೇಕು, ಯಾವುದು ಕತ್ತಲಲ್ಲಿಯೇ ಉಳಿಯಬೇಕು ಎಂಬುದನ್ನು ನಿರ್ದೇಶಕನೊಡನೆ ಕೂಡಿ ನಿಶ್ಚಯಿಸಿದವನು ಅವನು. ಅವನ ಹೆಸರು ತೆರೆಯ ಮೇಲೆ ಎರಡು ಕ್ಷಣ ಮೂಡಿ ಮರೆಯಾಗುತ್ತದೆ. ನಾವು ಆಗಿನ್ನೂ ಕುರ್ಚಿ ಹುಡುಕುತ್ತಿರುತ್ತೇವೆ.

ಕನ್ನಡದ ಮಟ್ಟಿಗೆ ಈ ಮರೆವು ಸಣ್ಣದಲ್ಲ. ನಮ್ಮ ನವ್ಯ ಕಥೆಕಾದಂಬರಿಗಳು 1970ರ ದಶಕದಲ್ಲಿ ತೆರೆಗೆ ಬಂದಾಗ ಅವು ಎರಡನೆಯ ಬಾರಿ ಬರೆಯಲ್ಪಟ್ಟವು. ಈ ಸಲ ಶಾಯಿಯಿಂದಲ್ಲ, ಬೆಳಕಿನಿಂದ. ಹಾಗೆ ಬೆಳಕಿನಿಂದ ಬರೆದವರಲ್ಲಿ ಎಸ್. ರಾಮಚಂದ್ರ ಅವರದು ದೊಡ್ಡ ಹೆಸರು. ಬಿ. ವಿ. ಕಾರಂತರ ‘ಚೋಮನ ದುಡಿ’ (1975), ವಿ. ಆರ್. ಕೆ. ಪ್ರಸಾದರ ‘ಋಷ್ಯಶೃಂಗ’ (1976), ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ (1977), ಶಂಕರನಾಗ್ ಅವರ ‘ಮಾಲ್ಗುಡಿ ಡೇಸ್’ (1986–87), ಮತ್ತೆ ಕಾಸರವಳ್ಳಿಯವರ ‘ನಾಯಿ ನೆರಳು’ (2006), ‘ಗುಲಾಬಿ ಟಾಕೀಸ್’ (2008) – ಇವೆಲ್ಲ ಅವರ ಕಣ್ಣಿನಿಂದ ನಮಗೆ ಬಂದವು. ‘ಋಷ್ಯಶೃಂಗ’ದ ಛಾಯಾಗ್ರಹಣಕ್ಕಾಗಿ ಅವರಿಗೆ ರಾಷ್ಟ್ರಪ್ರಶಸ್ತಿ ದೊರೆಯಿತು. 2011ರ ಜನವರಿಯಲ್ಲಿ ಅವರು ತೀರಿಕೊಂಡರು. ಇವುಗಳಲ್ಲಿ ‘ಘಟಶ್ರಾದ್ಧ’ವೂ ‘ಮಾಲ್ಗುಡಿ ಡೇಸ್’ ಮಾಲಿಕೆಯೂ ನಮ್ಮ ಶಿವಮೊಗ್ಗ ಜಿಲ್ಲೆಯೊಡನೆ ಗಾಢವಾದ ನಂಟುಳ್ಳವು. ಮೊದಲನೆಯದರ ಕಥೆಗಾರ ಯು. ಆರ್. ಅನಂತಮೂರ್ತಿಯವರೂ ನಿರ್ದೇಶಕ ಕಾಸರವಳ್ಳಿಯವರೂ ತೀರ್ಥಹಳ್ಳಿಯ ಸೀಮೆಯವರು. ಎರಡನೆಯದು ಬಹುಮಟ್ಟಿಗೆ ಚಿತ್ರಿತವಾದದ್ದು ಆಗುಂಬೆಯಲ್ಲಿ. ಆದುದರಿಂದ ಈ ಛಾಯಾಗ್ರಾಹಕನ ಶೈಲಿಯ ವಿಚಾರವನ್ನು ಮಲೆನಾಡಿನಲ್ಲಿ ನಿಂತು ಎತ್ತುವುದು ಅನುಚಿತವಾಗಲಾರದು.

ನಮ್ಮ ತರಗತಿಯಲ್ಲಿ ಒಮ್ಮೆ ‘ಘಟಶ್ರಾದ್ಧ’ ಕಥೆಯನ್ನು ಓದಿಸಿ, ಅನಂತರ ಚಿತ್ರವನ್ನು ತೋರಿಸಿದ್ದಾಯಿತು. ಭದ್ರಾವತಿಯಿಂದ ದಿನವೂ ರೈಲಿನಲ್ಲಿ ಬರುವ ವಿದ್ಯಾರ್ಥಿನಿಯೊಬ್ಬಳು ಎದ್ದುನಿಂತು, “ಸಾರ್, ಕಥೆಯಲ್ಲಿ ಇಷ್ಟೊಂದು ಕತ್ತಲೆ ಎಲ್ಲಿದೆ?” ಎಂದು ಕೇಳಿದಳು. ಪ್ರಶ್ನೆ ಸರಳವಾಗಿ ಕಂಡರೂ ಸಾಹಿತ್ಯ ವಿಮರ್ಶೆಯ ಬುಡಕ್ಕೆ ಕೈಹಾಕುವಂಥದು. ಕಥೆಯಲ್ಲಿ ಕತ್ತಲೆ ಒಂದು ಮಾತು. ಓದುಗನು ಅದನ್ನು ತನ್ನ ಮನಸ್ಸಿನಲ್ಲಿ ತನಗೆ ಬೇಕಾದಷ್ಟು ತುಂಬಿಕೊಳ್ಳುತ್ತಾನೆ. ಚಿತ್ರದಲ್ಲಿ ಕತ್ತಲೆ ಒಂದು ವಸ್ತು; ಯಾರೋ ಒಬ್ಬರು ಅದರ ಪ್ರಮಾಣವನ್ನು ಅಳೆದು, ಅದರ ಅಂಚನ್ನು ಗೆರೆಯೆಳೆದಂತೆ ನಿಶ್ಚಯಿಸಿ, ಅದರ ಹೊಣೆಯನ್ನು ಹೊರಬೇಕು. ಆ ಹೊಣೆ ಛಾಯಾಗ್ರಾಹಕನದು.

ಈ ಹೊಣೆ ಮಲೆನಾಡಿನಲ್ಲಿ ಏಕೆ ಕಠಿಣವಾದದ್ದೆಂಬುದನ್ನು ಇಲ್ಲಿಯವರಿಗೆ ಹೆಚ್ಚು ವಿವರಿಸಬೇಕಾಗಿಲ್ಲ. ನಮ್ಮ ಹಳೆಯ ಮನೆಗಳನ್ನು ನೆನೆಯಿರಿ. ಮಳೆಗೆ ಹೆದರಿ ತಗ್ಗಾಗಿ ಇಳಿಸಿದ ಸೂರು, ಸಣ್ಣ ಕಿಟಕಿಗಳು, ಹೊಗೆಯಿಂದ ಕಪ್ಪಾದ ತೊಲೆಗಳು, ಹಗಲಿನಲ್ಲಿಯೂ ಮಬ್ಬಾಗಿರುವ ನಡುಮನೆ. ಹಂಚಿನ ನಡುವೆ ಇಟ್ಟ ಒಂದು ಗಾಜಿನ ಹಂಚಿನಿಂದ ಬಿಸಿಲಿನ ಕೋಲೊಂದು ನೆಲಕ್ಕಿಳಿದು, ಹೊತ್ತು ಸರಿದಂತೆ ತಾನೂ ಸರಿಯುತ್ತದೆ. ಹೊಸ್ತಿಲು ದಾಟಿದರೆ ಅಂಗಳ. ಅಲ್ಲಿ ಅಡಿಕೆ ಒಣಗಲು ಸಾಕಾಗುವಷ್ಟು ಬೆಳ್ಳನೆಯ ಬಿಸಿಲು. ಒಳಗಿನ ಮಬ್ಬು, ಹೊರಗಿನ ಬಿಸಿಲು ಎರಡನ್ನೂ ಮನುಷ್ಯನ ಕಣ್ಣು ಏಕಕಾಲದಲ್ಲಿ ಹೇಗೋ ಹೊಂದಿಸಿಕೊಳ್ಳುತ್ತದೆ. ಫಿಲ್ಮಿಗೆ ಆ ಸಾಮರ್ಥ್ಯವಿಲ್ಲ. ಅಂಗಳವು ಸರಿಯಾಗಿ ಕಾಣುವಂತೆ ಹಿಡಿದರೆ ನಡುಮನೆ ಮಸಿಯಲ್ಲಿ ಮುಳುಗುತ್ತದೆ; ನಡುಮನೆ ಕಾಣಬೇಕೆಂದರೆ ಅಂಗಳ ಸುಣ್ಣ ಬಳಿದಂತೆ ಬರಿದಾಗುತ್ತದೆ. ಅಂದಿನ ಕಾಲದಲ್ಲಿ ಹಿಡಿದುದನ್ನು ಆ ಸ್ಥಳದಲ್ಲಿಯೇ ನೋಡಿ ತಿದ್ದಿಕೊಳ್ಳುವ ಸೌಕರ್ಯವೂ ಇರಲಿಲ್ಲ. ಫಿಲ್ಮು ದೂರದ ಪ್ರಯೋಗಶಾಲೆಗೆ ಹೋಗಿ ಸಂಸ್ಕಾರ ಹೊಂದಿ ಬಂದಮೇಲೆಯೇ ಗೊತ್ತಾಗಬೇಕು. ಅಲ್ಲಿಯವರೆಗೆ ಆ ಚಿತ್ರ ಇದ್ದುದು ಛಾಯಾಗ್ರಾಹಕನ ಮನಸ್ಸಿನಲ್ಲಿ ಮಾತ್ರ.

ಈ ಇಕ್ಕಟ್ಟಿಗೆ ಸುಲಭವಾದ ಪರಿಹಾರವೊಂದಿತ್ತು: ದೊಡ್ಡ ದೀಪಗಳನ್ನು ತಂದು ನಡುಮನೆಯನ್ನು ಮದುವೆಯ ಚಪ್ಪರದಂತೆ ಬೆಳಗಿಸಿಬಿಡುವುದು. ಸ್ಟುಡಿಯೋಗಳಲ್ಲಿ ಬಹುಕಾಲ ನಡೆದುಬಂದ ಪದ್ಧತಿ ಅದೇ. ಅಲ್ಲಿ ವಿಧವೆಯ ಕೋಣೆಗೂ ರಾಜನ ಆಸ್ಥಾನಕ್ಕೂ ಒಂದೇ ಬೆಳಕು. ಇದಕ್ಕೆ ಎದುರಾಗಿ ಭಾರತದಲ್ಲಿ ಬೇರೆ ದಾರಿಯನ್ನು ತೋರಿದವರು ಬಂಗಾಲದ ಸುಬ್ರತ ಮಿತ್ರ. ಸತ್ಯಜಿತ್ ರಾಯ್ ಅವರ ‘ಅಪರಾಜಿತೊ’ (1956) ಚಿತ್ರಕ್ಕಾಗಿ ಕಾಶಿಯ ಮನೆಯೊಂದರ ಅಂಗಳವನ್ನು ಸ್ಟುಡಿಯೋದಲ್ಲಿ ಕಟ್ಟಿದಾಗ, ಅವರು ದೀಪವನ್ನು ನೇರವಾಗಿ ಬಿಡದೆ ಬಟ್ಟೆಗೆ ತಾಗಿಸಿ ಹಿಂದಿರುಗಿಸಿ, ತೆರೆದ ಆಕಾಶದಿಂದ ಇಳಿಯುವ ನೆರಳಿಲ್ಲದ ಮೃದುವಾದ ಬೆಳಕನ್ನು ತಂದರು. ನಮ್ಮ ಮೈಸೂರಿನವರೇ ಆದ ವಿ. ಕೆ. ಮೂರ್ತಿಯವರು ಇದಕ್ಕೆ ತೀರ ಭಿನ್ನವಾದ ಹಾದಿ ಹಿಡಿದವರು. ಗುರುದತ್ತರ ‘ಕಾಗಜ್ ಕೆ ಫೂಲ್’ (1959) ಚಿತ್ರದಲ್ಲಿ ಹೊರಗಿನ ಬಿಸಿಲನ್ನು ಕನ್ನಡಿಗಳಿಂದ ಒಳಕ್ಕೆ ತಿರುಗಿಸಿ ಕಂಬದಂಥ ಬೆಳಕಿನ ಧಾರೆಯನ್ನು ಅವರು ನಿಲ್ಲಿಸಿದುದು ಇಂದಿಗೂ ದಂತಕಥೆಯಾಗಿದೆ. ಫಾಲ್ಕೆ ಪ್ರಶಸ್ತಿಯನ್ನು ಪಡೆದ ಮೊದಲ ಛಾಯಾಗ್ರಾಹಕರು ಅವರೇ. ಒಬ್ಬರದು ತನ್ನನ್ನು ಮರೆಸಿಕೊಳ್ಳುವ ಬೆಳಕು, ಇನ್ನೊಬ್ಬರದು ತಾನೇ ಪಾತ್ರವಾಗಿ ನಿಲ್ಲುವ ಬೆಳಕು. ರಾಮಚಂದ್ರರು ಕ್ಯಾಮೆರಾ ಹಿಡಿದಾಗ ಭಾರತೀಯ ಛಾಯಾಗ್ರಹಣದ ಮುಂದೆ ಈ ಎರಡೂ ಮಾರ್ಗಗಳಿದ್ದುವು.

ಮಲೆನಾಡಿನಲ್ಲಿ ಅವರಿಗೊಬ್ಬ ಪೂರ್ವಸೂರಿಯೂ ಇದ್ದರು, ಅದೂ ಸಮುದ್ರದಾಚೆಯಿಂದ ಬಂದವರು. ಪಟ್ಟಾಭಿರಾಮರೆಡ್ಡಿಯವರ ‘ಸಂಸ್ಕಾರ’ (1970) ಶೃಂಗೇರಿಯ ಬಳಿಯ ವೈಕುಂಠಪುರದಲ್ಲಿ ಚಿತ್ರಿತವಾಯಿತಷ್ಟೆ. ಅದರ ಛಾಯಾಗ್ರಾಹಕ ಟಾಮ್ ಕೋವನ್ ಆಸ್ಟ್ರೇಲಿಯದ ತರುಣ. ಕನ್ನಡವನ್ನಾಗಲಿ ಅಗ್ರಹಾರವನ್ನಾಗಲಿ ಅರಿಯದ ಕಣ್ಣು ಅದು. ಆದುದರಿಂದಲೇ ನಮಗೆ ರೂಢಿಯಾಗಿ ಕಾಣದೇ ಹೋಗಿದ್ದ ಜಗಲಿ, ಜನಿವಾರ, ಒಣಗುವ ಮಡಿಬಟ್ಟೆ, ಸುಕ್ಕುಗಟ್ಟಿದ ಮುಖಗಳು ಆ ಚಿತ್ರದಲ್ಲಿ ಮೊದಲ ಬಾರಿಗೆ ಕಂಡಷ್ಟು ಸ್ಪಷ್ಟವಾಗಿವೆ. ‘ಸಂಸ್ಕಾರ’ಕ್ಕೆ ಸಾಕ್ಷ್ಯಚಿತ್ರದ ಗುಣವಿದೆಯೆಂದು ವಿಮರ್ಶಕರು ಹೇಳುವುದು ಇದನ್ನೇ. ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಕನ್ನಡಕ್ಕೆ ಮೊದಲು ಬಂದದ್ದು ಈ ಚಿತ್ರದಿಂದ. ಆದರೆ ಪರಕೀಯನ ಬೆರಗು ಒಂದು ಸಲ ಮಾತ್ರ ಸಾಧ್ಯ. ಅದಾದ ಮೇಲೆ ಮಲೆನಾಡಿಗೆ ಬೇಕಾದದ್ದು ಒಳಗಿನಿಂದ ನೋಡುವ ಕಣ್ಣು.

ಆ ಕಣ್ಣನ್ನು ನಾವು ‘ಘಟಶ್ರಾದ್ಧ’ದಲ್ಲಿ ಕಾಣುತ್ತೇವೆ. ಚಿತ್ರ ತಯಾರಾದಾಗ ನಿರ್ದೇಶಕ ಕಾಸರವಳ್ಳಿಯವರಿಗೆ ಇನ್ನೂ ಇಪ್ಪತ್ತೇಳು ವರ್ಷ ತುಂಬಿರಲಿಲ್ಲ. ಅದು ಅವರ ಮೊದಲ ಕಥಾಚಿತ್ರ. ಉಡುಪರ ವೇದಪಾಠಶಾಲೆಗೆ ಓದಲು ಬಂದ ಪುಟ್ಟ ಹುಡುಗ ನಾಣಿ, ಉಡುಪರ ಮಗಳು, ಬಾಲ್ಯದಲ್ಲಿಯೇ ವಿಧವೆಯಾದ ಯಮುನಕ್ಕ, ಅವಳ ಒಡಲಲ್ಲಿ ಬೆಳೆಯುತ್ತಿರುವ ಗುಟ್ಟು, ಊರಿನ ಬಾಯಿ, ಕೊನೆಗೆ ಬದುಕಿರುವವಳಿಗೇ ಮಾಡುವ ಶ್ರಾದ್ಧ. ಕಥೆ ನಡೆಯುವುದು ಹುಡುಗನ ದೃಷ್ಟಿಯಲ್ಲಿ. ಅವನಿಗೆ ಅರ್ಥವಾದದ್ದು ಸ್ವಲ್ಪ, ಹೆದರಿಕೆಯಾದದ್ದು ಬಹಳ. ಈ ‘ಸ್ವಲ್ಪ’ ಮತ್ತು ‘ಬಹಳ’ಗಳ ನಡುವಣ ಅಂತರವನ್ನು ತೆರೆಯ ಮೇಲೆ ತರುವುದು ಹೇಗೆ? ಸಂಭಾಷಣೆಯಿಂದ ಸಾಧ್ಯವಿಲ್ಲ, ಹುಡುಗನ ಬಳಿ ಅದಕ್ಕೆ ಮಾತಿಲ್ಲ. ಅಲ್ಲಿ ಕಪ್ಪುಬಿಳುಪು ನೆರವಿಗೆ ಬರುತ್ತದೆ. ಒಳಮನೆಯ ದೃಶ್ಯಗಳಲ್ಲಿ ರಾಮಚಂದ್ರರು ಕೋಣೆಯನ್ನು ಪೂರ್ತಿ ತೋರುವ ಅವಸರಕ್ಕೆ ಬೀಳುವುದಿಲ್ಲ. ಮಬ್ಬಿನಲ್ಲಿ ಒಂದು ಮುಖ, ಒಂದು ಕೈ, ಬಾಗಿಲ ಚೌಕಟ್ಟು ಇಷ್ಟೇ ಮೂಡಿ, ಉಳಿದುದು ಹುಡುಗನಿಗೆ ತಿಳಿಯದ ವಿಷಯದಂತೆ ನೆರಳಿನಲ್ಲಿ ಉಳಿಯುತ್ತದೆ. ಕಾಡಿನ ರಾತ್ರಿಯಲ್ಲಿಯೂ ಹಾಗೆಯೇ. ನಮಗೆ ಹುಡುಗನಿಗಿಂತ ಹೆಚ್ಚು ಕಾಣಿಸಿಬಿಟ್ಟರೆ ನಾವು ಊರಿನವರ ಪಕ್ಷಕ್ಕೆ ಸೇರಿದಂತೆ; ಹುಡುಗನಷ್ಟೇ ಕಂಡರೆ ಮಾತ್ರ ಯಮುನಕ್ಕನ ಪಕ್ಷದಲ್ಲಿ ಉಳಿದೇವು.

ಇನ್ನು ಚಿತ್ರದ ಕೊನೆ. ತಲೆ ಬೋಳಿಸಿ, ಊರಿನಿಂದ ಹೊರಗಾಗಿ, ಮರದ ಬುಡದಲ್ಲಿ ಒಬ್ಬಳೇ ಕುಳಿತ ಯಮುನಕ್ಕ. ತಂದೆಯೊಡನೆ ಊರು ಬಿಟ್ಟು ಹೊರಟ ನಾಣಿ. ಇಲ್ಲಿ ಅಡಗಿಕೊಳ್ಳಲು ನೆರಳಿಲ್ಲ. ಚಿತ್ರದುದ್ದಕ್ಕೂ ಕತ್ತಲು ಅವಳನ್ನು ಒಂದು ರೀತಿಯಲ್ಲಿ ಕಾಪಾಡಿಕೊಂಡು ಬಂದಿತ್ತೆಂಬುದು ನಮಗೆ ಹೊಳೆಯುವುದು ಈ ಬಯಲಿಗೆ ಬಂದಾಗ. ಬೆಳಕು ಎಂದರೆ ಜ್ಞಾನ, ಕತ್ತಲೆ ಎಂದರೆ ಅಜ್ಞಾನ ಎಂದು ನಾವು ಬಾಲ್ಯದಿಂದ ಕಲಿತ ಸಮೀಕರಣವನ್ನು ಈ ಚಿತ್ರದ ಛಾಯಾಗ್ರಹಣವು ಮೌನವಾಗಿ ತಲೆಕೆಳಗು ಮಾಡಿದೆ. ಇಲ್ಲಿ ಬೆಳಕೇ ದಂಡನೆ. ನನ್ನ ವಿದ್ಯಾರ್ಥಿನಿಯ ಪ್ರಶ್ನೆಗೆ ಉತ್ತರವೂ ಇಲ್ಲಿಯೇ ಸಿಕ್ಕೀತು. ಆ ಕತ್ತಲೆ ಕಥೆಯ ವಾಚ್ಯದಲ್ಲಿಲ್ಲ, ಅದರ ಧ್ವನಿಯಲ್ಲಿದೆ. ಛಾಯಾಗ್ರಾಹಕನು ಅದನ್ನು ಓದಿಕೊಂಡಿದ್ದಾನೆ. ಒಳ್ಳೆಯ ಛಾಯಾಗ್ರಾಹಕನು ಮೊದಲು ಒಳ್ಳೆಯ ಓದುಗನಾಗಿರಬೇಕೆಂಬ ಮಾತಿಗೆ ಇದಕ್ಕಿಂತ ಬೇರೆ ನಿದರ್ಶನ ಬೇಡ.

ಇದೇ ಕೈ ಹತ್ತು ವರ್ಷಗಳ ಅನಂತರ ಆಗುಂಬೆಯಲ್ಲಿ ಏನು ಮಾಡಿತೆಂಬುದನ್ನು ನೋಡಿದರೆ ಇನ್ನೊಂದು ಸಂಗತಿ ಸ್ಪಷ್ಟವಾಗುತ್ತದೆ. ಆರ್. ಕೆ. ನಾರಾಯಣರ ಮಾಲ್ಗುಡಿ ಯಾವ ಭೂಪಟದಲ್ಲಿಯೂ ಇಲ್ಲದ ಊರು. ಶಂಕರನಾಗ್ ಅದನ್ನು ದೂರದರ್ಶನಕ್ಕಾಗಿ ನಾಡಿನಲ್ಲಿಯೇ ಅತಿ ಹೆಚ್ಚು ಮಳೆ ಬೀಳುವ ಊರುಗಳಲ್ಲೊಂದಾದ ಆಗುಂಬೆಯಲ್ಲಿ ನೆಲೆಗೊಳಿಸಿದರು. ಅಲ್ಲಿಯ ದೊಡ್ಡಮನೆಯ ಕಂಬಸಾಲು, ಪೇಟೆಯ ಬೀದಿ, ಅರಸಾಳಿನ ಪುಟ್ಟ ರೈಲು ನಿಲ್ದಾಣ – ಇವೆಲ್ಲ ಸೇರಿ ಮಾಲ್ಗುಡಿಯಾಯಿತು. ‘ಘಟಶ್ರಾದ್ಧ’ದ ಹುಡುಗ ನಾಣಿಯೂ ಮಾಲ್ಗುಡಿಯ ಹುಡುಗ ಸ್ವಾಮಿಯೂ ಒಂದೇ ಪ್ರಾಯದವರು, ಇಬ್ಬರ ಮನೆಗಳೂ ಅದೇ ಕಂಬ, ಅದೇ ಜಗಲಿ, ಅದೇ ಹಂಚಿನವು. ಆದರೆ ಸ್ವಾಮಿಯ ಲೋಕದಲ್ಲಿ ಬಾಗಿಲುಗಳು ತೆರೆದಿವೆ. ಬೀದಿಯಲ್ಲಿ ಬೆಳಗಿನ ಎಳೆಬಿಸಿಲಿದೆ. ಅಜ್ಜಿಯ ಕೋಣೆಯ ಮಬ್ಬು ಸಹ ಕಥೆ ಕೇಳುವ ಮಬ್ಬೇ ಹೊರತು ಹೆದರಿಸುವ ಮಬ್ಬಲ್ಲ. ಒಂದೇ ನಾಡು, ಒಂದೇ ವಾಸ್ತು, ಒಂದೇ ಕಣ್ಣು. ಆದರೂ ಬೆಳಕು ಬೇರೆ. ಏಕೆಂದರೆ ಕಥೆ ಬೇರೆ.

ನಮ್ಮ ಅಲಂಕಾರಶಾಸ್ತ್ರದಲ್ಲಿ ಇದಕ್ಕೊಂದು ಹೆಸರಿದೆ. ಕ್ಷೇಮೇಂದ್ರನು ಅದನ್ನು ಔಚಿತ್ಯವೆಂದು ಕರೆದು ಕಾವ್ಯದ ಜೀವವೆಂದೇ ಎಣಿಸಿದನು. ಒಡವೆ ಎಷ್ಟೇ ಬೆಲೆಯುಳ್ಳದ್ದಾದರೂ ಇರಬೇಕಾದ ಅಂಗದಲ್ಲಿ ಇರದಿದ್ದರೆ ಅದು ನಗೆಗೀಡು. ರಾಮಚಂದ್ರರ ಶೈಲಿಯನ್ನು ಗುರುತಿಸಲು ಹೊರಟವರಿಗೆ ‘ಇದು ಅವರ ಚೌಕಟ್ಟು, ಇದು ಅವರ ಬೆಳಕು’ ಎಂದು ಬೆರಳು ಮಾಡಿ ತೋರುವಂಥ ಮುದ್ರೆ ಸಿಕ್ಕುವುದು ಕಷ್ಟ. ‘ಚೋಮನ ದುಡಿ’ಯಲ್ಲಿ ಭೂಮಿಯಿಲ್ಲದವನ ಗುಡಿಸಲಿನ ಬೆಂಕಿಯೂ ಅವನು ಉಳಲಾಗದ ಗದ್ದೆಯ ಹರವೂ, ಮೂವತ್ತು ವರ್ಷಗಳಾಚೆ ‘ಗುಲಾಬಿ ಟಾಕೀಸ್’ನಲ್ಲಿ ಕುಂದಾಪುರದ ಕಡಲ ಕರೆಯ ಮನೆಯೊಂದಕ್ಕೆ ಟೆಲಿವಿಷನ್ ಬಂದು, ಅದರ ಸುತ್ತ ಹೆಂಗಸರು ನೆರೆಯುವ ಬಣ್ಣದ ಲೋಕ. ಈ ಎರಡನ್ನೂ ಒಬ್ಬರೇ ಚಿತ್ರಿಸಿದರೆಂದು ಹೇಳದೆ ತಿಳಿಯಲಾರದು. ಕೆಲವರು ಇದನ್ನು ವ್ಯಕ್ತಿತ್ವದ ಕೊರತೆಯೆಂದಾರು. ಹಾಗಲ್ಲ. ತನ್ನ ಗುರುತನ್ನು ಕೃತಿಯ ಮೇಲೆ ಒತ್ತದೆ, ಕೃತಿಯ ಅಗತ್ಯವನ್ನು ತನ್ನ ಮೇಲೆ ಹೊತ್ತುಕೊಳ್ಳುವುದು ಒಂದು ಶೈಲಿಯೇ ಸರಿ. ಎಲ್ಲ ಶೈಲಿಗಳಲ್ಲಿ ದುಸ್ತರವಾದ ಶೈಲಿ.

ಹೊರಗಿನ ಒಂದು ನಿದರ್ಶನ ಈ ಮಾತನ್ನು ಹದಗೊಳಿಸೀತು. ನೆಲದ ಮೇಲಿನ ಪ್ರೀತಿಗೂ ಛಾಯಾಗ್ರಹಣಕ್ಕೂ ಇರುವ ನಂಟಿಗೆ ಜಗತ್ತಿನಲ್ಲಿ ಯುಕ್ರೇನಿನ ಚಿತ್ರಗಳು ಪ್ರಸಿದ್ಧವಾದವು. ದೊವ್‌ಜೆಂಕೊ ಅವರ ‘ಭೂಮಿ’ (1930) ಚಿತ್ರದಲ್ಲಿ ದನೀಲೊ ದೆಮುತ್ಸ್ಕಿಯವರ ಕ್ಯಾಮೆರಾ ಗಾಳಿಗೆ ತೂಗುವ ಹೊಲವನ್ನೂ, ಸೇಬುಗಳ ನಡುವೆ ಮಲಗಿ ನೆಮ್ಮದಿಯಾಗಿ ಸಾಯುವ ಮುದುಕನನ್ನೂ ಒಂದೇ ಪ್ರಶಾಂತವಾದ ದೃಷ್ಟಿಯಿಂದ ನೋಡಿತು. ಪರಾಜನೋವ್ ಅವರ ‘ಮರೆತ ಪೂರ್ವಜರ ನೆರಳುಗಳು’ (1965) ಚಿತ್ರದಲ್ಲಿ ಯೂರಿ ಇಲ್ಯೆಂಕೊ ಅವರ ಕ್ಯಾಮೆರಾ ಕಾರ್ಪಾಥಿಯನ್ ಬೆಟ್ಟಗಳಲ್ಲಿ ದೇವರು ಮೈಮೇಲೆ ಬಂದಂತೆ ಓಡಿತು, ಗಿರಕಿ ಹೊಡೆಯಿತು. ಎರಡೂ ಮಹತ್ತಾದ ಕೃತಿಗಳೇ. ರಾಮಚಂದ್ರರ ನಂಟು ಮೊದಲನೆಯ ಪರಂಪರೆಯೊಡನೆ. ನೋಡುವವನ ಉತ್ಸಾಹಕ್ಕಿಂತ ನೋಡಲ್ಪಡುವವರ ಮರ್ಯಾದೆ ದೊಡ್ಡದೆಂಬ ತಾಳ್ಮೆ ಅದು.

ಅವರ ಮುಂದಿನ ಪೀಳಿಗೆಯಲ್ಲಿ ಈ ತಾಳ್ಮೆ ಇನ್ನೊಬ್ಬ ರಾಮಚಂದ್ರರಲ್ಲಿ ಮುಂದುವರಿಯಿತು. ಹೆಸರಿನ ಸಾಮ್ಯದಿಂದ ಓದುಗರು ಗೊಂದಲಕ್ಕೀಡಾಗುವುದುಂಟು, ಇವರು ಎಚ್. ಎಂ. ರಾಮಚಂದ್ರ ಹಾಲ್ಕೆರೆ. ಸಾಗರದ ನಾ. ಡಿಸೋಜರ ಕಾದಂಬರಿಯನ್ನು ಆಧರಿಸಿ ಕಾಸರವಳ್ಳಿಯವರು ನಿರ್ದೇಶಿಸಿದ ‘ದ್ವೀಪ’ ಚಿತ್ರಕ್ಕೆ 2001ರ ಸಾಲಿನ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯೂ, ಇವರಿಗೆ ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿಯೂ ಬಂದುವು. ಅಣೆಕಟ್ಟಿನ ಹಿನ್ನೀರು ಏರುತ್ತಿದ್ದಂತೆ ಬೆಟ್ಟದ ಮೇಲಿನ ಒಂಟಿಮನೆ ದ್ವೀಪವಾಗುವ ಕಥೆ ಅದು. ಮೋಡ ಕವಿದ ಆಕಾಶ ಎಲ್ಲ ನೆರಳುಗಳನ್ನೂ ನುಂಗಿ, ಹಸುರನ್ನು ಕಪ್ಪಾಗಿಸಿ, ನೀರನ್ನೂ ಗಗನವನ್ನೂ ಒಂದೇ ಬೂದುಬಣ್ಣಕ್ಕೆ ತರುವ ಮಳೆಗಾಲದ ಬೆಳಕು ಆ ಚಿತ್ರದ ಜೀವಾಳ.

ಈ ಚಿತ್ರವನ್ನು ಶಿವಮೊಗ್ಗದಲ್ಲಿ, ಭದ್ರಾವತಿಯಲ್ಲಿ ಕುಳಿತು ನೋಡುವವರಿಗೆ ಅದರ ಬೆಳಕು ಇನ್ನೊಂದು ಅರ್ಥವನ್ನು ಹೇಳದಿರದು. ನಮ್ಮ ಜಿಲ್ಲೆಯಲ್ಲಿ ಬೆಳಕಿಗೆ ಒಂದು ಚರಿತ್ರೆಯಿದೆ. 1923ರಲ್ಲಿ ಭದ್ರಾವತಿಯ ಕಬ್ಬಿಣದ ಕಾರ್ಖಾನೆ ಕೆಲಸ ಆರಂಭಿಸಿದಾಗ ಅದರ ಕುಲುಮೆಗೆ ಉರುವಲಾದದ್ದು ಮಲೆನಾಡಿನ ಕಾಡಿನ ಇದ್ದಿಲು. ಮುಂದೆ ಜೋಗದ ವಿದ್ಯುತ್ತು ಬಂತು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ನಾಡಿನ ಎಷ್ಟೋ ಪಟ್ಟಣಗಳು ಬೆಳಗಿದುವು. ಆ ಬೆಳಕಿನ ಬೆಲೆಯನ್ನು ತೆತ್ತವರು ಶರಾವತಿಯ ಕಣಿವೆಯಲ್ಲಿ ಮುಳುಗಿದ ಹಳ್ಳಿಗಳವರು. ನಾಡಿಗೆಲ್ಲ ದೀಪ ಕೊಟ್ಟ ನೀರಿನ ನಡುವೆ ಕತ್ತಲಲ್ಲಿ ಉಳಿದ ಮನೆಯನ್ನು ಯಾವ ಬೆಳಕಿನಲ್ಲಿ ತೋರಬೇಕು? ಅದನ್ನು ಥಳಥಳನೆ ಬೆಳಗಿಸಿ ತೋರಿಸುವುದು ಅನ್ಯಾಯವಾದೀತು. ‘ದ್ವೀಪ’ದ ಮಳೆಯ ಮಬ್ಬು ಆ ಅನ್ಯಾಯವನ್ನು ಮಾಡಲಿಲ್ಲ. ಛಾಯಾಗ್ರಾಹಕನ ನೀತಿಯೆಂದರೆ ಇದೇ. ಬೆಳಕು ಯಾರ ಮೇಲೆ ಬೀಳಬೇಕು ಎಂಬುದು ಕಲೆಯ ಪ್ರಶ್ನೆಯಾಗಿರುವಂತೆ ನ್ಯಾಯದ ಪ್ರಶ್ನೆಯೂ ಹೌದು.

ಇಷ್ಟಾಗಿಯೂ ಈ ಕಲೆ ಬಹಳ ನಶ್ವರವಾದದ್ದು. ಪುಸ್ತಕವೊಂದರ ಅಚ್ಚು ಮಾಸಿದರೆ ಮರುಮುದ್ರಣವಾದೀತು, ಪದಗಳು ಹಾಗೆಯೇ ಉಳಿದಾವು. ಚಿತ್ರದ ಪ್ರತಿ ಮಾಸಿದರೆ ಮೊದಲು ಹೋಗುವುದು ನೆರಳಿನ ಸೂಕ್ಷ್ಮಗಳೇ. ನಸುಗಪ್ಪು, ಕಡುಗಪ್ಪು, ಬೂದು ಎಲ್ಲವೂ ಕಲಸಿ ಒಂದಾಗುತ್ತವೆ. ಕಥೆ ಉಳಿಯುತ್ತದೆ, ಮಾತು ಉಳಿಯುತ್ತದೆ, ಛಾಯಾಗ್ರಾಹಕನು ಮಾತ್ರ ಅಳಿಸಿಹೋಗುತ್ತಾನೆ. ನಮ್ಮಲ್ಲಿ ಅನೇಕರು ‘ಘಟಶ್ರಾದ್ಧ’ವನ್ನು ಕಂಡದ್ದು ಇಂಥ ಮಾಸಿದ ಪ್ರತಿಗಳಲ್ಲಿಯೇ. ಅದೃಷ್ಟವಶಾತ್ ಆ ಚಿತ್ರಕ್ಕೆ ಬೇರೆ ಗತಿ ಒದಗಿತು. ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಷನ್ ಸಂಸ್ಥೆಯು ವಿದೇಶದ ಸಂಸ್ಥೆಗಳ ನೆರವಿನೊಡನೆ ಅದನ್ನು ಪುನರುದ್ಧರಿಸಿತು. 2024ರಲ್ಲಿ ವೆನಿಸ್ ಚಿತ್ರೋತ್ಸವದ ಅಭಿಜಾತ ಚಿತ್ರಗಳ ವಿಭಾಗದಲ್ಲಿ ಅದು ಮತ್ತೆ ತೆರೆಯ ಮೇಲೆ ಬಂತು. ರಾಮಚಂದ್ರರು ಅದನ್ನು ಕಾಣಲು ಇರಲಿಲ್ಲ. ನಲವತ್ತೇಳು ವರ್ಷಗಳ ಹಿಂದೆ ಅವರು ಅಳೆದಿಟ್ಟ ನೆರಳು ಮಾತ್ರ ತನ್ನ ಪದರಗಳೊಡನೆ ಹಿಂದಿರುಗಿತು.

ಎಲ್ಲ ಚಿತ್ರಗಳಿಗೂ ಈ ಭಾಗ್ಯವಿಲ್ಲ. ಸಾಹಿತ್ಯವನ್ನು ಕಲಿಸುವ ನಮ್ಮಂಥವರಿಂದ ಪುನರುದ್ಧಾರದ ಕೆಲಸ ಆಗಲಾರದು. ಆದರೆ ಓದುವ ಕೆಲಸ ಆದೀತು. ಕಾಲೇಜುಗಳಲ್ಲಿ ಈಗ ಕಾದಂಬರಿಯೊಡನೆ ಚಿತ್ರವನ್ನು ತೋರಿಸುವ ರೂಢಿ ಬಂದಿದೆ, ಒಳ್ಳೆಯದೇ. ಹಾಗೆ ತೋರಿಸಿದಮೇಲೆ ‘ಮೂಲಕಥೆಯಿಂದ ಏನು ಬದಲಾಯಿತು’ ಎಂಬ ಒಂದೇ ಪ್ರಶ್ನೆಗೆ ನಿಲ್ಲದೆ, ‘ಈ ದೃಶ್ಯದಲ್ಲಿ ಬೆಳಕು ಎಲ್ಲಿಂದ ಬರುತ್ತಿದೆ? ಯಾರನ್ನು ಮುಟ್ಟುತ್ತಿದೆ? ಯಾರನ್ನು ಬಿಡುತ್ತಿದೆ?’ ಎಂದು ಕೇಳಿದರೆ ಸಾಕು. ಛಂದಸ್ಸಿನಲ್ಲಿ ಗುರುಲಘುಗಳನ್ನು ಗುರುತಿಸಲು ಕಲಿತ ವಿದ್ಯಾರ್ಥಿಗೆ ಬೆಳಕು ನೆರಳುಗಳ ಪ್ರಸ್ತಾರವನ್ನು ಗುರುತಿಸುವುದು ಕಷ್ಟವೇನಲ್ಲ. ಇದಕ್ಕಾಗಿ ಕಿಟಕಿಗೆ ಕಪ್ಪು ಬಟ್ಟೆ ಕಟ್ಟಿ ಕೋಣೆಯನ್ನು ನಿಜವಾಗಿಯೂ ಕತ್ತಲು ಮಾಡಬೇಕು, ಅಷ್ಟೆ. ಹಗಲಿನ ಬೆಳಕಿನಲ್ಲಿ, ಅಂಗೈಯಗಲದ ಯಂತ್ರದಲ್ಲಿ ‘ಘಟಶ್ರಾದ್ಧ’ದ ಕತ್ತಲೆ ಕಾಣಲಾರದು.

ಅರಸಾಳಿನ ಹಳೆಯ ನಿಲ್ದಾಣದ ಕಟ್ಟಡವನ್ನು 2020ರಲ್ಲಿ ಮಾಲ್ಗುಡಿಯ ನೆನಪಿನ ವಸ್ತುಸಂಗ್ರಹಾಲಯವಾಗಿ ಮಾರ್ಪಡಿಸಿದ್ದಾರೆ. ಶಿವಮೊಗ್ಗದಿಂದ ತಾಳಗುಪ್ಪದ ಕಡೆಗೆ ಹೋಗುವವರು ಅಲ್ಲಿ ಇಳಿದು ನಾರಾಯಣರನ್ನು, ಶಂಕರನಾಗ್ ಅವರನ್ನು, ಸ್ವಾಮಿಯನ್ನು ನೆನೆಯುತ್ತಾರೆ. ನೆನೆಯಲಿ. ಆ ಕಟ್ಟಡದ ಗೋಡೆಯ ಮೇಲೆ ಸಂಜೆಯ ಬಿಸಿಲು ಓರೆಯಾಗಿ ಬಿದ್ದಾಗ, ಇದನ್ನು ಮೊದಲು ಹೀಗೆ ಕಂಡವರು ಯಾರೆಂದು ಜೊತೆಯಲ್ಲಿರುವ ಮಕ್ಕಳು ಕೇಳಿದರೆ, ಹೇಳಲು ಒಂದು ಹೆಸರು ನಮ್ಮ ನಾಲಗೆಯ ಮೇಲಿರಲಿ.